ರಾಯರು ಗರ್ವಿಷ್ಠರೆ?

ಎರಡು ವರ್ಷಗಳ ಹಿಂದಿನ ಮಾತು. ಬೆಂಗಳೂರಿನ ಒಂದು ಕಲ್ಯಾಣ ಮಂಟಪದಲ್ಲಿ ನಮ್ಮ ಪರಿಚಿತರ ಮಗನ ಮದುವೆ. ಒಂದು ಕಡೆ ಓಲಗ, ಇನ್ನೊಂದು ಕಡೆ ಧ್ವನಿವರ್ಧಕದಲ್ಲಿ ಹಾಡು, ನಡುವೆ ನೂರಾರು ಜನರ ಮಾತು, ಮಕ್ಕಳ ಕೂಗಾಟ, ಕಣ್ಣು ಕೋರೈಸುವ ದೀಪಗಳು. ಇಷ್ಟೆಲ್ಲ ಸಂಭ್ರಮದಲ್ಲಿ ವರನ ಚಿಕ್ಕಪ್ಪ ಮಾತ್ರ ಕಾಣಿಸಲಿಲ್ಲ. ಹುಡುಕಿಕೊಂಡು ಹೋದವರಿಗೆ ಅವರು ಸಿಕ್ಕಿದ್ದು ಕಾರುಗಳನ್ನು ನಿಲ್ಲಿಸಿದ್ದ ಅಂಗಳದ ಮೂಲೆಯಲ್ಲಿ. ಎರಡು ಕಿವಿಗಳ ಮೇಲೂ ಅಂಗೈಗಳನ್ನು ಒತ್ತಿಕೊಂಡು ಗೋಡೆಗೆ ಮುಖ ಮಾಡಿ ನಿಂತಿದ್ದರು.

ಬಲವಂತದಿಂದ ಒಳಗೆ ಕರೆತಂದರು. ಕನ್ಯಾಪಿತೃಗಳು ಕೈಮುಗಿದು, “ಊಟ ಹೇಗಿತ್ತು, ರಾಯರೇ?” ಎಂದು ಉಪಚಾರದ ಮಾತನಾಡಿದರು. ರಾಯರು ಎತ್ತಲೋ ನೋಡುತ್ತ, “ಹುಳಿ ಆರಿಹೋಗಿತ್ತು. ಹೋಳಿಗೆಗೆ ತುಪ್ಪ ಸಾಲದು” ಎಂದುಬಿಟ್ಟರು. ಬೀಗರ ಮುಖ ಕಪ್ಪಿಟ್ಟಿತು. ಅದೇ ಹೊತ್ತಿಗೆ ಯಾರೋ ಹುಡುಗ ಬನಶಂಕರಿಗೆ ಯಾವ ಬಸ್ಸು ಹೋಗುತ್ತದೆಂದು ಕೇಳಿದ. ಅಷ್ಟೇ ಸಾಕಾಯಿತು. ರಾಯರ ಮುಖ ಅರಳಿತು. ಯಾವ ನಂಬರಿನ ಬಸ್ಸು ಯಾವ ರಸ್ತೆಯಿಂದ ತಿರುಗುತ್ತದೆ, ಮೊದಲು ಎಲ್ಲಿ ನಿಲ್ಲುತ್ತಿತ್ತು, ಯಾವ ವರ್ಷದಿಂದ ದಾರಿ ಬದಲಾಯಿತು ಎಂಬುದನ್ನೆಲ್ಲ ಇಪ್ಪತ್ತು ನಿಮಿಷ ವಿವರಿಸಿದರು. ಹುಡುಗ ಗಡಿಯಾರ ನೋಡಿದ, ಆಕಳಿಸಿದ. ರಾಯರಿಗೆ ಅದು ತಿಳಿಯಲೇ ಇಲ್ಲ.

“ಏನು ಗರ್ವವಪ್ಪ ಇವರಿಗೆ!” ಎಂದು ಬಂಧುವರ್ಗ ತೀರ್ಪು ಕೊಟ್ಟಿತು. ಆ ತೀರ್ಪೇನೂ ಹೊಸದಲ್ಲ. ಐವತ್ತೆರಡು ವರ್ಷಗಳಿಂದ ರಾಯರು ಅದನ್ನೇ ಕೇಳಿಕೊಂಡು ಬಂದವರು. ಶಾಲೆಯಲ್ಲಿ ಮೊಂಡ, ಕಚೇರಿಯಲ್ಲಿ ಒರಟ, ಮನೆಯಲ್ಲಿ ಕಲ್ಲುಹೃದಯದವನು. ಲೆಕ್ಕಪತ್ರ ವಿಭಾಗದಲ್ಲಿ ಅವರಷ್ಟು ಪ್ರಾಮಾಣಿಕರೂ ನಿಷ್ಣಾತರೂ ಇಲ್ಲವೆಂಬುದು ಎಲ್ಲರಿಗೂ ಗೊತ್ತು. ಆದರೆ ಬಡ್ತಿ ಮಾತ್ರ ಕಿರಿಯರ ಪಾಲಾಯಿತು.

ಈ ತೀರ್ಪು ತಿರುಗಿದ್ದು ಒಂದು ಆಕಸ್ಮಿಕದಿಂದ. ರಾಯರ ಅಕ್ಕನ ಮೊಮ್ಮಗ ನಾಲ್ಕು ವರ್ಷದ ಮಗು. ಅವನನ್ನು ಮನೋವೈದ್ಯರ ಬಳಿಗೆ ಕರೆದೊಯ್ದಿದ್ದರು. ವೈದ್ಯರು ಒಂದೊಂದಾಗಿ ಪ್ರಶ್ನೆ ಕೇಳಿದರು. ಹೆಸರು ಹಿಡಿದು ಕರೆದರೆ ತಿರುಗಿ ನೋಡುವನೆ? ಆಟದ ಸಾಮಾನುಗಳನ್ನು ಸಾಲಾಗಿ ಜೋಡಿಸುವನೆ? ಮಿಕ್ಸಿಯ ಸದ್ದಿಗೆ ಕಿವಿ ಮುಚ್ಚಿಕೊಳ್ಳುವನೆ? ದಿನಚರಿ ಸ್ವಲ್ಪ ಬದಲಾದರೂ ಅತ್ತು ರಂಪ ಮಾಡುವನೆ? ಜತೆಯಲ್ಲಿ ಹೋಗಿದ್ದ ಮುತ್ತಜ್ಜಿ, ಎಂದರೆ ರಾಯರ ತಾಯಿ, ಕೇಳುತ್ತ ಕೇಳುತ್ತ ಮೊಮ್ಮಗಳ ಕೈ ಹಿಡಿದುಕೊಂಡು, “ಇದೆಲ್ಲ ನಿನ್ನ ಮಾವನದೇ ಕಣೇ! ಇದಕ್ಕೇ ಅಲ್ಲವೆ ನಾನು ಅವನನ್ನು ಸೌಟಿನಲ್ಲಿ ಹೊಡೆದದ್ದು!” ಎಂದು ಅಲ್ಲಿಯೇ ಅತ್ತುಬಿಟ್ಟರಂತೆ.

ಮಗುವಿಗೆ ಇದ್ದುದು ಆಟಿಸಂ. ಸರಕಾರಿ ಕನ್ನಡದಲ್ಲಿ ಸ್ವಲೀನತೆ. ಕೆಲವು ತಿಂಗಳ ಅನಂತರ ರಾಯರೂ ಪರೀಕ್ಷೆ ಮಾಡಿಸಿಕೊಂಡರು. ಅವರಿಗೂ ಅದೇ ಉತ್ತರ ಬಂದಿತು. ಈ ವಾರ ನಾನು ಓದುಗರ ಮುಂದೆ ಇಡಬೇಕೆಂದಿರುವ ವಿಷಯ ಇದೇ: ಮಕ್ಕಳ ಆಟಿಸಂ ಕುರಿತು ನಾವು ಅಷ್ಟಿಷ್ಟು ಕೇಳಿದ್ದೇವೆ. ಆದರೆ ಆ ಮಕ್ಕಳು ದೊಡ್ಡವರಾಗುತ್ತಾರೆ ಎಂಬುದನ್ನು ಮರೆತಿದ್ದೇವೆ.

ಒಂದು ಪದದ ಚರಿತ್ರೆ

ಆಟಿಸಂ ಎಂಬ ಪದವು ‘ತಾನು’ ಎಂಬ ಅರ್ಥದ ಗ್ರೀಕ್ ಶಬ್ದದಿಂದ ಹುಟ್ಟಿದುದು. ಸ್ವಿಟ್ಜರ್ಲೆಂಡಿನ ಮನೋವೈದ್ಯ ಆಯ್ಗನ್ ಬ್ಲಾಯ್ಲರ್ ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಅದನ್ನು ಬಳಕೆಗೆ ತಂದರು. ಆದರೆ ಅವರು ಬಳಸಿದ್ದು ಬೇರೊಂದು ಮನೋರೋಗದ ಒಂದು ಲಕ್ಷಣಕ್ಕೆ. ಇಂದಿನ ಅರ್ಥಕ್ಕೆ ಹತ್ತಿರವಾದ ಮಕ್ಕಳನ್ನು ಮಾಸ್ಕೋ ನಗರದ ವೈದ್ಯೆ ಗ್ರೂನ್ಯಾ ಸುಖರೇವಾ 1920ರ ದಶಕದಲ್ಲಿಯೇ ವರ್ಣಿಸಿದ್ದರು. 1943ರಲ್ಲಿ ಅಮೆರಿಕದ ಬಾಲ್ಟಿಮೋರ್ ನಗರದ ಲಿಯೋ ಕ್ಯಾನರ್ ಹನ್ನೊಂದು ಮಕ್ಕಳ ವೃತ್ತಾಂತ ಬರೆದರು. ಮರುವರ್ಷ ವಿಯೆನ್ನಾದ ಹಾನ್ಸ್ ಆಸ್ಪರ್ಗರ್ ಅಂಥದೇ ಇನ್ನೊಂದು ಲೇಖನ ಪ್ರಕಟಿಸಿದರು. ಇವರೆಲ್ಲ ನೋಡಿದ್ದು ಮಕ್ಕಳನ್ನು. ಆದುದರಿಂದ ಆಟಿಸಂ ಎಂದರೆ ಮಕ್ಕಳ ವಿಷಯವೆಂಬ ಭಾವನೆ ಬಲವಾಗಿ ಬೇರೂರಿತು.

ಅದರ ಜತೆಗೆ ಒಂದು ದೊಡ್ಡ ಅನ್ಯಾಯವೂ ನಡೆಯಿತು. ತಾಯಿಯ ಪ್ರೀತಿ ಸಾಲದೆ ಮಗು ಹೀಗಾಯಿತೆಂದು ತಜ್ಞರೆನಿಸಿಕೊಂಡವರೇ ದಶಕಗಳ ಕಾಲ ಹೇಳಿಕೊಂಡು ಬಂದರು. 1964ರಲ್ಲಿ ಬರ್ನಾರ್ಡ್ ರಿಮ್ಲೆಂಡ್ ಇದನ್ನು ಪುಸ್ತಕವೊಂದರಲ್ಲಿ ಖಂಡಿಸಿದರು. ಅವರು ಸ್ವತಃ ಅಂಥ ಮಗುವಿನ ತಂದೆ. 1977ರಲ್ಲಿ ಸೂಸನ್ ಫೋಲ್‌ಸ್ಟೈನ್ ಮತ್ತು ಮೈಕೇಲ್ ರಟರ್ 21 ಜತೆ ಅವಳಿ ಮಕ್ಕಳನ್ನು ಪರೀಕ್ಷಿಸಿ, ಇದರಲ್ಲಿ ವಂಶವಾಹಿನಿಯ ಪಾತ್ರ ದೊಡ್ಡದೆಂದು ತೋರಿಸಿದರು. ರಾಯರ ಮನೆಯಲ್ಲಿ ಅಜ್ಜಿಯ ತಮ್ಮನಲ್ಲಿಯೂ ಮೊಮ್ಮಗನಲ್ಲಿಯೂ ಅದು ಕಂಡುಬಂದುದರಲ್ಲಿ ಸೋಜಿಗವೇನಿಲ್ಲ. ಸೌಟಿನ ಪೆಟ್ಟಿನಿಂದಾಗಲಿ ಮುದ್ದು ಕಡಮೆಯಾದುದರಿಂದಾಗಲಿ ಅದು ಬರುವುದಿಲ್ಲ. ತಾಯಂದಿರು ಇದನ್ನು ಮೊದಲು ತಿಳಿದುಕೊಳ್ಳಬೇಕು.

ಆ ಮೊದಲ ಹುಡುಗ ಏನಾದ?

ಕ್ಯಾನರ್ ಬರೆದ ಹನ್ನೊಂದು ವೃತ್ತಾಂತಗಳಲ್ಲಿ ಮೊದಲನೆಯದು ಡೊನಾಲ್ಡ್ ಎಂಬ ಹುಡುಗನದು. ಪೂರ್ಣ ಹೆಸರು ಡೊನಾಲ್ಡ್ ಟ್ರಿಪ್ಲೆಟ್. ಮಿಸಿಸಿಪಿ ರಾಜ್ಯದ ಫಾರೆಸ್ಟ್ ಎಂಬ ಪುಟ್ಟ ಊರಿನಲ್ಲಿ 1933ರಲ್ಲಿ ಹುಟ್ಟಿದವನು. ತಾಯಿ ಬಂದರೂ ಹೋದರೂ ಅವನಿಗೆ ಪರಿವೆ ಇರಲಿಲ್ಲ. ವಸ್ತುಗಳನ್ನು ನೆಲದ ಮೇಲೆ ಬುಗುರಿಯಂತೆ ತಿರುಗಿಸುವುದೇ ಆಟ. ಅಂಕಿಗಳೆಂದರೆ ಪ್ರಾಣ. ಅಂದಿನ ವೈದ್ಯರ ಸಲಹೆಯಂತೆ ನಾಲ್ಕು ವರ್ಷವೂ ತುಂಬದ ಮಗುವನ್ನು ಮನೆಯಿಂದ ದೂರ ಒಂದು ಸಂಸ್ಥೆಗೆ ಸೇರಿಸಿದರು. ಸುಮಾರು ಒಂದು ವರ್ಷದ ಅನಂತರ ತಂದೆತಾಯಿಗಳು ಮನಸ್ಸು ತಡೆಯದೆ ಅವನನ್ನು ಹಿಂದಕ್ಕೆ ಕರೆತಂದರು. ವಕೀಲರಾದ ತಂದೆ ಮಗನ ನಡತೆಯನ್ನೆಲ್ಲ 33 ಪುಟಗಳಲ್ಲಿ ಬರೆದು ಕ್ಯಾನರ್ ಅವರಿಗೆ ಕಳುಹಿಸಿದರು. 1938ರಲ್ಲಿ ಹುಡುಗನನ್ನು ಅವರ ಬಳಿಗೆ ಕರೆದೊಯ್ದರು.

ಮುಂದೆ ಕೆಲವು ವರ್ಷ ಡೊನಾಲ್ಡ್ ಒಬ್ಬ ರೈತ ದಂಪತಿಗಳ ಮನೆಯಲ್ಲಿದ್ದ. ಆ ರೈತ ಮನಶ್ಶಾಸ್ತ್ರವನ್ನು ಓದಿದವನಲ್ಲ. ಆದರೆ ಹುಡುಗನಿಗೆ ಅಳತೆಯ ಹುಚ್ಚು ಇರುವುದನ್ನು ಕಂಡು ಬಾವಿಯ ಆಳವನ್ನು ಅಳೆಯುವ ಕೆಲಸ ಕೊಟ್ಟ. ಎಣಿಕೆಯ ಹುಚ್ಚು ಇದ್ದುದರಿಂದ ಜೋಳದ ಸಾಲುಗಳನ್ನು ಎಣಿಸುತ್ತಲೇ ಉಳಲು ಬಿಟ್ಟ. ಹುಚ್ಚನ್ನು ಬಿಡಿಸಲು ಹೋಗದೆ ಅದನ್ನೇ ಕೆಲಸಕ್ಕೆ ಹಚ್ಚಿದ. ಡೊನಾಲ್ಡ್ ಕಾಲೇಜಿಗೆ ಹೋಗಿ 1958ರಲ್ಲಿ ಪದವೀಧರನಾದ. ಊರಿನ ಬ್ಯಾಂಕಿನಲ್ಲಿ ಗುಮಾಸ್ತನಾಗಿ ದಶಕಗಳ ಕಾಲ ದುಡಿದ. ಕಾರು ನಡೆಸಿದ, ಗಾಲ್ಫ್ ಆಡಿದ, ಒಬ್ಬನೇ ದೇಶವಿದೇಶ ಸುತ್ತಿಬಂದ. ಪರಿಚಿತರಿಗೆಲ್ಲ ಒಂದೊಂದು ಸಂಖ್ಯೆ ಕೊಟ್ಟು, ಹೆಸರಿನ ಬದಲು ಆ ಸಂಖ್ಯೆಯಿಂದಲೇ ಅವರನ್ನು ಗುರುತಿಸುತ್ತಿದ್ದ. 2023ರಲ್ಲಿ, 89ನೆಯ ವಯಸ್ಸಿನಲ್ಲಿ ತೀರಿಕೊಂಡ.

ಅವನ ಕುಟುಂಬ ಅನುಕೂಲಸ್ಥರದು, ಆ ಬ್ಯಾಂಕಿನಲ್ಲಿ ತಾಯಿಯ ಮನೆಯವರ ಪಾಲೂ ಇತ್ತು. ಇದನ್ನು ಮರೆಯಬಾರದು. ಆದರೂ ಅವನನ್ನು ಕಾಪಾಡಿದ್ದು ಹಣವೊಂದೇ ಅಲ್ಲ. ಅವನ ಕತೆಯನ್ನು ಹುಡುಕಿಕೊಂಡು ಪತ್ರಕರ್ತರು ಬಂದಾಗ, ಅವನಿಗೆ ನೋವಾಗುವಂತೆ ಏನನ್ನಾದರೂ ಬರೆದೀರಿ ಎಂದು ಊರಿನವರು ಮೊದಲು ಎಚ್ಚರಿಕೆ ಕೊಟ್ಟರಂತೆ. ಆ ಊರಿಗೆ ಅವನು ವಿಚಿತ್ರ ಮನುಷ್ಯನಾಗಿದ್ದ, ಆದರೆ ತಮ್ಮವನಾಗಿದ್ದ. ಇದಕ್ಕೆ ಪ್ರತಿಯಾಗಿ, 1971ರಲ್ಲಿ ಕ್ಯಾನರ್ ತಾವು ಕಂಡಿದ್ದ ಹನ್ನೊಂದು ಮಕ್ಕಳ ಗತಿಯನ್ನು ಮತ್ತೆ ಪರಿಶೀಲಿಸಿದಾಗ, ದೊಡ್ಡ ಸರಕಾರಿ ಆಸ್ಪತ್ರೆಗಳಿಗೆ ಸೇರಿದವರ ಬಾಳು ಅಲ್ಲಿಯೇ ಬತ್ತಿಹೋಗಿದ್ದುದನ್ನು ಕಂಡು ಮರುಗಿದರು.

ವಯಸ್ಕರಲ್ಲಿ ಕಾಣುವುದು ಹೇಗೆ?

ಮಾತು, ಬುದ್ಧಿ ಎರಡೂ ಚೆನ್ನಾಗಿದ್ದು ಬದುಕಿನ ವ್ಯವಹಾರದಲ್ಲಿ ಮಾತ್ರ ತಡವರಿಸುವವರ ಕಡೆಗೆ ಜಗತ್ತಿನ ಗಮನ ಸೆಳೆದವರು ಲಂಡನ್ನಿನ ವೈದ್ಯೆ ಲೋರ್ನಾ ವಿಂಗ್. 1981ರಲ್ಲಿ ಅವರು ಆಸ್ಪರ್ಗರರ ಹಳೆಯ ಲೇಖನವನ್ನು ಬೆಳಕಿಗೆ ತಂದರು. ಆಟಿಸಂ ಎಂಬುದು ಇದೆ ಅಥವಾ ಇಲ್ಲ ಎನ್ನುವ ಒಂದು ಗೆರೆಯಲ್ಲ, ಕಾಮನಬಿಲ್ಲಿನ ಬಣ್ಣಗಳಂತೆ ನಾನಾ ಛಾಯೆಗಳಲ್ಲಿ ಹರಡಿಕೊಂಡಿರುವ ಸ್ಥಿತಿ ಎಂಬ ತಿಳಿವಳಿಕೆ ಬಂದುದು ಅವರಿಂದ. 2013ರಿಂದ ಅಮೆರಿಕದ ಮನೋವೈದ್ಯರ ಕೈಪಿಡಿಯೂ ಈ ಎಲ್ಲ ಛಾಯೆಗಳನ್ನು ಒಂದೇ ಹೆಸರಿನಲ್ಲಿ ಸೇರಿಸಿದೆ. ಇಂಗ್ಲೆಂಡಿನಲ್ಲಿ ಮನೆಮನೆಗೆ ಹೋಗಿ ವಯಸ್ಕರನ್ನು ಪರೀಕ್ಷಿಸಿದ ಒಂದು ಸಮೀಕ್ಷೆಯ ಫಲ 2011ರಲ್ಲಿ ಪ್ರಕಟವಾಯಿತು. ನೂರಕ್ಕೆ ಸುಮಾರು ಒಬ್ಬರಲ್ಲಿ ಆಟಿಸಂ ಇದ್ದಿತು. ಹಾಗೆ ಕಂಡುಬಂದವರಿಗೆ ತಮ್ಮ ಸ್ಥಿತಿಯ ಹೆಸರೇ ತಿಳಿದಿರಲಿಲ್ಲ.

ಹಾಗಾದರೆ ಲಕ್ಷಣಗಳೇನು? ಮುಖ್ಯವಾದವನ್ನು ಹೇಳುತ್ತೇನೆ.

ಮೊದಲನೆಯದು, ಮಾತಿನ ಹಿಂದಿನ ಮಾತು ತಿಳಿಯದಿರುವುದು. ನಮ್ಮ ಮನೆಗಳಲ್ಲಿ ಅರ್ಧ ಸಂಭಾಷಣೆ ಬಾಯಿಂದ ನಡೆಯುವುದೇ ಇಲ್ಲ. “ಆಗಲೇ ಎಂಟು ಗಂಟೆಯಾಯಿತೆ?” ಎಂದು ಅತಿಥಿಯ ಮುಂದೆ ಮನೆಯವರು ಹೇಳಿದರೆ ಅದು ಗಂಟೆ ಕೇಳುವ ಪ್ರಶ್ನೆಯಲ್ಲವೆಂದು ನಮಗೆ ಗೊತ್ತು. ಆಟಿಸಂ ಉಳ್ಳವರು ಗಡಿಯಾರ ನೋಡಿ, “ಎಂಟೂ ಐದು” ಎನ್ನುತ್ತಾರೆ. ಕೊಂಕು, ಹಾಸ್ಯ, ಸೂಚನೆ, ಹುಬ್ಬಿನ ಚಲನೆ ಇವುಗಳನ್ನು ನಾವು ಉಸಿರಾಡಿದಷ್ಟು ಸಹಜವಾಗಿ ಓದುತ್ತೇವೆ. ಅವರು ಒಂದೊಂದನ್ನೂ ಲೆಕ್ಕದಂತೆ ಬಿಡಿಸಬೇಕು. ಎದುರಿನವರ ಕಣ್ಣನ್ನು ನೋಡುತ್ತ ಮಾತನಾಡುವುದು ಹಲವರಿಗೆ ಹಿಂಸೆ. ಅಂಥವರು ಕಣ್ಣು ತಪ್ಪಿಸಿದರೆ ಅದು ಅಪರಾಧದ ಗುರುತೂ ಅಲ್ಲ, ಅಸಡ್ಡೆಯೂ ಅಲ್ಲ. ಕೇಳಿದ ಪ್ರಶ್ನೆಗೆ ನಿಜವನ್ನೇ ಹೇಳಬೇಕೆಂದು ನಂಬಿದವರು ಹೋಳಿಗೆಗೆ ತುಪ್ಪ ಸಾಲದೆಂದು ಹೇಳದೆ ಇನ್ನೇನು ಹೇಳಿಯಾರು?

ಎರಡನೆಯದು, ನಿಯಮಕ್ಕೆ ಅಂಟಿಕೊಳ್ಳುವುದು. ಅದೇ ತಟ್ಟೆ, ಅದೇ ಕುರ್ಚಿ, ಅದೇ ದಾರಿ. ಭಾನುವಾರ ಹತ್ತು ಗಂಟೆಗೆ ಹೊರಡುವುದೆಂದು ಹೇಳಿ ಹನ್ನೊಂದಕ್ಕೆ ಹೊರಟರೆ, ಹೇಳದೆ ನೆಂಟರು ಬಂದಿಳಿದರೆ, ಅವರಿಗೆ ಆಗುವುದು ಬೇಸರವಲ್ಲ, ಕಾಲ ಕೆಳಗಿನ ನೆಲ ಸರಿದಂಥ ಕಳವಳ. ಇದನ್ನೇ ನಾವು ಹಟವೆಂದು ಕರೆಯುತ್ತೇವೆ.

ಮೂರನೆಯದು, ಒಂದು ವಿಷಯದಲ್ಲಿ ಆಳವಾದ ತನ್ಮಯತೆ. ಬಸ್ಸಿನ ನಂಬರುಗಳಿರಬಹುದು, ರಾಗಗಳ ಆರೋಹಣ ಅವರೋಹಣಗಳಿರಬಹುದು, ಹಳೆಯ ನಾಣ್ಯಗಳಿರಬಹುದು. ಹವ್ಯಾಸ ಎಲ್ಲರಿಗೂ ಉಂಟು. ಆದರೆ ಇವರಿಗೆ ಅದು ಹೊತ್ತು ಕಳೆಯುವ ಸಾಧನವಲ್ಲ, ದಣಿದ ಮನಸ್ಸು ವಿಶ್ರಮಿಸುವ ತಾಣ.

ನಾಲ್ಕನೆಯದು, ಇಂದ್ರಿಯಗಳ ಸೂಕ್ಷ್ಮತೆ. ಕುಕ್ಕರಿನ ಸೀಟಿ, ಟ್ಯೂಬ್‌ಲೈಟಿನ ಮಿನುಗು, ಊದುಬತ್ತಿಯ ವಾಸನೆ, ಅಂಗಿಯ ಕೊರಳಪಟ್ಟಿಯ ಚೀಟಿ ಇವುಗಳಲ್ಲಿ ಯಾವುದಾದರೂ ಒಂದು ಸಹಿಸಲಾಗದ ಯಾತನೆಯಾಗಬಹುದು. ಕೆಲವರಲ್ಲಿ ಇದಕ್ಕೆ ತಿರುವುಮುರುವಾಗಿ ಸೆಕೆ, ಚಳಿ, ನೋವು, ಹಸಿವುಗಳೇ ತಟ್ಟುವುದಿಲ್ಲ. ರಾಯರು ಮಂಟಪದಿಂದ ಓಡಿಹೋದದ್ದು ಮದುವೆಯ ಮೇಲಿನ ಅಸೂಯೆಯಿಂದಲ್ಲ, ಆ ಸದ್ದಿನಿಂದ.

ಇವುಗಳಲ್ಲಿ ಒಂದೋ ಎರಡೋ ನಮ್ಮಲ್ಲಿಯೂ ಉಂಟಲ್ಲ ಎಂದು ಓದುಗರು ಗಾಬರಿಯಾಗಬೇಕಾಗಿಲ್ಲ. ಸಂಕೋಚ ಸ್ವಭಾವದವರು, ಮಿತಭಾಷಿಗಳು, ಶಿಸ್ತಿನವರು ಎಲ್ಲ ಕಡೆಯೂ ಇದ್ದಾರೆ. ಈ ಲಕ್ಷಣಗಳು ಒಟ್ಟಾಗಿ ಇರಬೇಕು, ಎಳೆತನದಿಂದಲೂ ಇರಬೇಕು, ಬದುಕಿಗೆ ತೊಡಕಾಗುವಷ್ಟು ಇರಬೇಕು. ನಲವತ್ತು ವರ್ಷ ಎಲ್ಲರೊಡನೆ ನಗುನಗುತ್ತ ಇದ್ದವರು ಇದ್ದಕ್ಕಿದ್ದಂತೆ ಮಂಕಾಗಿ ಒಂಟಿಯಾದರೆ ಅದು ಆಟಿಸಂ ಅಲ್ಲ. ಅದು ಖಿನ್ನತೆಯೋ ಮತ್ತಾವುದೋ ಕಾಯಿಲೆಯೋ ಇರಬಹುದು, ತಡಮಾಡದೆ ವೈದ್ಯರಿಗೆ ತೋರಿಸಬೇಕು.

ಮುಖವಾಡದ ಆಯಾಸ

ಸ್ತ್ರೀಯರಲ್ಲಿ ಇದನ್ನು ಗುರುತಿಸುವುದು ಇನ್ನೂ ಕಷ್ಟ. ಚಿಕ್ಕಂದಿನಿಂದಲೇ ನಗು, ನಾಲ್ಕು ಜನರೊಡನೆ ಬೆರೆ, ಬಂದವರಿಗೆ ಕುಂಕುಮ ಕೊಡು, ಉಪಚಾರದ ಮಾತನಾಡು ಎಂದು ತಿದ್ದಿಸಿಕೊಂಡು ಬೆಳೆದ ಹೆಣ್ಣುಮಗಳು ಎಲ್ಲವನ್ನೂ ಪಾಠದಂತೆ ಕಲಿತು ಒಪ್ಪಿಸುತ್ತಾಳೆ. ಅಕ್ಕನ ನಗುವನ್ನು, ಗೆಳತಿಯ ಮಾತಿನ ಧಾಟಿಯನ್ನು ನೋಡಿ ಅನುಕರಿಸುತ್ತಾಳೆ. ನೆಂಟರು ಹೋದ ಮೇಲೆ ಕೋಣೆಯ ಬಾಗಿಲು ಹಾಕಿಕೊಂಡು ಕತ್ತಲಲ್ಲಿ ಮಲಗುತ್ತಾಳೆ. ಅತ್ತೆ ಅದಕ್ಕೆ ಸೋಮಾರಿತನ ಎನ್ನುತ್ತಾರೆ, ಗಂಡ ಮುನಿಸು ಎನ್ನುತ್ತಾನೆ. ವಸ್ತುತಃ ಅದು ದಿನವೆಲ್ಲ ಪರಭಾಷೆಯಲ್ಲಿ ನಾಟಕವಾಡಿದವಳ ಆಯಾಸ. ಗಂಡಸರಲ್ಲಿಯೂ ಇಂಥ ಮುಖವಾಡ ಧರಿಸುವವರುಂಟು. ಅದರ ಬೆಲೆ ಅಲ್ಪವಲ್ಲ. ಇಂಥವರಲ್ಲಿ ಕಳವಳ, ಖಿನ್ನತೆ, ಕೆಲವೊಮ್ಮೆ ಬದುಕೇ ಬೇಡವೆಂಬ ಯೋಚನೆ ಇತರರಿಗಿಂತ ಹೆಚ್ಚಾಗಿ ಕಂಡುಬರುತ್ತದೆ. ಅಂಥ ಮಾತು ಬಾಯಿಂದ ಬಂದರೆ ಯಾವ ಹೆಸರಿಗೂ ಕಾಯದೆ ಅಂದೇ ನೆರವು ಪಡೆಯಬೇಕು. 2022ರಲ್ಲಿ ಆರಂಭವಾದ ಟೆಲಿಮಾನಸ್ ಎಂಬ ಸರಕಾರಿ ದೂರವಾಣಿ ಸೇವೆಯ ಸಂಖ್ಯೆ 14416.

ಸಿನಿಮಾಗಳಿಂದ ಬಂದ ಎರಡು ತಪ್ಪು ನಂಬಿಕೆಗಳನ್ನೂ ಇಲ್ಲಿಯೇ ನಿವಾರಿಸಬೇಕು. 1988ರ ‘ರೇನ್ ಮ್ಯಾನ್’ ಚಿತ್ರದಲ್ಲಿ ಆಟಿಸಂ ಉಳ್ಳ ನಾಯಕನಿಗೆ ಅದ್ಭುತವಾದ ನೆನಪಿನ ಶಕ್ತಿ. ನಿಜಜೀವನದಲ್ಲಿ ಅಂಥ ಪವಾಡಶಕ್ತಿ ಕೆಲವರಿಗೆ ಮಾತ್ರ. ಎರಡನೆಯ ತಪ್ಪು ಇನ್ನೂ ಕ್ರೂರವಾದುದು, ಇವರಿಗೆ ಭಾವನೆಗಳೇ ಇಲ್ಲವೆಂಬುದು. ಭಾವನೆ ಉಂಟು, ಅದು ಮುಖಕ್ಕೆ ಬರುವ ದಾರಿ ಬೇರೆ. ಬ್ರಿಟನ್ನಿನ ಸಮಾಜಶಾಸ್ತ್ರಜ್ಞ ಡೇಮಿಯನ್ ಮಿಲ್ಟನ್ ಸ್ವತಃ ಆಟಿಸಂ ಉಳ್ಳವರು. ಅವರು 2012ರಲ್ಲಿ ಒಂದು ನ್ಯಾಯವಾದ ಪ್ರಶ್ನೆ ಎತ್ತಿದರು: ಅವರಿಗೆ ನಾವು ಅರ್ಥವಾಗುವುದಿಲ್ಲ ಎಂದಾದರೆ ನಮಗೆ ಅವರು ಅರ್ಥವಾಗಿದ್ದಾರೆಯೆ? ತೊಡಕು ಎರಡು ಕಡೆಯದು ಎಂದ ಮೇಲೆ ತಿದ್ದಿಕೊಳ್ಳುವ ಹೊಣೆ ಒಬ್ಬರ ಮೇಲೆಯೇ ಏಕೆ?

ಏನು ಮಾಡಬೇಕು?

ಮೊದಲು, ಏನು ಮಾಡಬಾರದು ಎಂಬುದನ್ನು ಹೇಳಿಬಿಡುತ್ತೇನೆ. ಈ ಅಂಕಣವನ್ನು ಓದಿ, ಎದುರು ಮನೆಯವರಿಗೂ ಕಚೇರಿಯ ಮೇಲಧಿಕಾರಿಗೂ ಇದೇ ಇರಬೇಕೆಂದು ಹೆಸರು ಹಚ್ಚಬೇಡಿ. ಜಗಳದಲ್ಲಿ ಗಂಡನ ಮೇಲೆ ಎಸೆಯುವ ಕಲ್ಲೂ ಇದಾಗಬಾರದು. ಗುರುತಿಸುವುದರ ಪ್ರಯೋಜನ ಆ ವ್ಯಕ್ತಿಗೆ ಆಗಬೇಕು.

ಸಂದೇಹವಿದ್ದವರು ಮನೋವೈದ್ಯರನ್ನು ಅಥವಾ ಚಿಕಿತ್ಸಾ ಮನಶ್ಶಾಸ್ತ್ರಜ್ಞರನ್ನು ಕಾಣಬೇಕು. ರಕ್ತಪರೀಕ್ಷೆಯಿಂದಾಗಲಿ ಮಿದುಳಿನ ಚಿತ್ರದಿಂದಾಗಲಿ ಇದು ತಿಳಿಯುವುದಿಲ್ಲ. ದೀರ್ಘವಾದ ಮಾತುಕತೆ, ನಡತೆಯ ಅವಲೋಕನ, ಬಾಲ್ಯದ ವಿವರ ಇವುಗಳಿಂದಲೇ ತಿಳಿಯಬೇಕು. ಆದುದರಿಂದ ತಾಯಿಯನ್ನೋ ಅಕ್ಕನನ್ನೋ ಜತೆಯಲ್ಲಿ ಕರೆದುಕೊಂಡು ಹೋಗುವುದು ಮೇಲು. ಹಳೆಯ ಶಾಲಾ ವರದಿಗಳಿದ್ದರೆ ಅವೂ ಬೇಕು. ಕೇಂಬ್ರಿಜಿನ ಸೈಮನ್ ಬ್ಯಾರನ್-ಕೋಹೆನ್ ಮತ್ತು ಅವರ ಸಂಗಡಿಗರು 2001ರಲ್ಲಿ ರಚಿಸಿದ ಐವತ್ತು ವಾಕ್ಯಗಳ ಪ್ರಶ್ನಾವಳಿಯೊಂದು ಪ್ರಸಿದ್ಧವಾಗಿದೆ. ಮನೆಯಲ್ಲಿ ಕುಳಿತು ತುಂಬಿಸಬಹುದು. ಆದರೆ ಅದು ವೈದ್ಯರ ಬಳಿಗೆ ಹೋಗಬೇಕೆ ಎಂಬುದನ್ನು ಸೂಚಿಸಬಲ್ಲದೇ ಹೊರತು ನಿರ್ಣಯವನ್ನು ಕೊಡಲಾರದು.

ಇದಕ್ಕೆ ಔಷಧವಿಲ್ಲ, ವಾಸಿಮಾಡುತ್ತೇವೆಂದು ಹಣ ಕೇಳುವವರನ್ನು ನಂಬಬೇಡಿ. ಜತೆಗಿರುವ ಖಿನ್ನತೆ, ಕಳವಳ, ನಿದ್ರಾಹೀನತೆಗಳಿಗೆ ಮಾತ್ರ ಚಿಕಿತ್ಸೆಯುಂಟು. ನಮ್ಮ ದೇಶದಲ್ಲಿ 1995ರ ಕಾಯಿದೆಯಲ್ಲಿ ಆಟಿಸಂ ಹೆಸರೇ ಇರಲಿಲ್ಲ. 2016ರ ಅಂಗವಿಕಲರ ಹಕ್ಕುಗಳ ಕಾಯಿದೆ ಪಟ್ಟಿಮಾಡಿದ 21 ವೈಕಲ್ಯಗಳಲ್ಲಿ ಅದೂ ಸೇರಿದೆ. ಪ್ರಮಾಣಪತ್ರ ಪಡೆಯುವುದು ಬಿಡುವುದು ಅವರವರ ಅಗತ್ಯಕ್ಕೆ ಸೇರಿದುದು.

ಮನೆಯವರು ಮಾಡಬಹುದಾದುದು ಬಹಳವಿದೆ, ಖರ್ಚೂ ಇಲ್ಲ. ಹೇಳಬೇಕಾದುದನ್ನು ಸುತ್ತಿ ಬಳಸದೆ ನೇರವಾಗಿ ಹೇಳುವುದು. “ನಿಮಗೇ ತಿಳಿಯಬಾರದೆ?” ಎಂಬ ಮಾತನ್ನು ಬಿಟ್ಟು, “ನನಗೆ ಮೈ ಸರಿಯಿಲ್ಲ, ಇವತ್ತು ಅನ್ನಕ್ಕೆ ನೀವು ಇಡಿ” ಎನ್ನುವುದು. ಬದಲಾವಣೆಗಳನ್ನು ಮುಂಚಿತವಾಗಿ ತಿಳಿಸುವುದು. ದಣಿದಾಗ ಒಂಟಿಯಾಗಿರಲು ಬಿಡುವುದು. ಸದ್ದುಗದ್ದಲದಿಂದ ಎದ್ದುಹೋಗಲು ಅನುಮತಿ ಇರುವುದು.

ಇನ್ನು ರಾಯರ ವಿಷಯ. ಹೆಸರು ತಿಳಿದ ಮೇಲೆ ಅವರು ಬದಲಾಗಲಿಲ್ಲ. ಇಂದಿಗೂ ಹುಳಿ ಆರಿದ್ದರೆ ಆರಿದೆ ಎಂದೇ ಹೇಳುತ್ತಾರೆ. ಬದಲಾದದ್ದು ಮನೆಯ ಉಳಿದವರು. ಅವರ ಪತ್ನಿ ನನ್ನೊಡನೆ ಹೇಳಿದ ಮಾತಿದು: “ಇಪ್ಪತ್ತಾರು ವರ್ಷ ಇವರಿಗೆ ನನ್ನ ಮೇಲೆ ಪ್ರೀತಿಯಿಲ್ಲ ಅಂತಲೇ ತಿಳಿದಿದ್ದೆ. ಬಾಯಿಬಿಟ್ಟು ಒಂದು ದಿನ ಹೇಳಿದವರಲ್ಲ. ಆದರೆ ಆ ಇಪ್ಪತ್ತಾರು ವರ್ಷವೂ ನನ್ನ ಮಾತ್ರೆಗಳನ್ನು ತಂದು, ವಾರದ ಡಬ್ಬಿಯಲ್ಲಿ ಒಂದೂ ತಪ್ಪದೆ ಜೋಡಿಸಿಟ್ಟವರು ಇವರೇ. ಅದನ್ನು ನಾನು ಲೆಕ್ಕಕ್ಕೆ ಹಿಡಿದಿರಲಿಲ್ಲ.”

ಕಳೆದ ವೈಶಾಖದಲ್ಲಿ ಅದೇ ಬಂಧುಗಳಲ್ಲಿ ಇನ್ನೊಂದು ಮದುವೆ ನಡೆಯಿತು. ಮಂಟಪದ ಹಿಂಭಾಗದ ಒಂದು ಕೋಣೆಯನ್ನು ರಾಯರಿಗೂ ಆ ಮಗುವಿಗೂ ಬಿಟ್ಟುಕೊಟ್ಟಿದ್ದರು. ನಾನು ಇಣಿಕಿ ನೋಡಿದಾಗ ಮಗು ಆಟದ ಬಸ್ಸುಗಳನ್ನು ಕಿಟಕಿಯ ಕಟ್ಟೆಯ ಮೇಲೆ ಸಾಲಾಗಿ ಜೋಡಿಸುತ್ತಿತ್ತು. ರಾಯರು ಒಂದೊಂದಕ್ಕೂ ನಂಬರು ಹೇಳುತ್ತಿದ್ದರು. ಮುತ್ತಜ್ಜಿ ಬಾಗಿಲ ಬಳಿ ಕುರ್ಚಿ ಹಾಕಿಕೊಂಡು ಕುಳಿತು, ಒಳಗೆ ನುಗ್ಗುವ ಮಕ್ಕಳನ್ನು ಗದರಿ ಕಳುಹಿಸುತ್ತಿದ್ದರು.